ಮಾನವನ ಜೀವಲಿಪಿಯೂ ಡೇವಿಡ್ ಹೌಸ್ಲರ್ ಎಂಬ ಗಣಿತಜ್ಞರೂ

2000ನೆಯ ಇಸವಿಯ ಜುಲೈ 7ನೆಯ ತಾರೀಖು, ಅಮೇರಿಕಾದ ಕ್ಯಾಲಿಫೋರ್ನಿಯಾ ಸಂಸ್ಥಾನಕ್ಕೆ ಸೇರಿದ ಸಾಂತಾ ಕ್ರೂಜ್ ಎಂಬ ಸಮುದ್ರತೀರದ ಪಟ್ಟಣದ ವಿಶ್ವವಿದ್ಯಾನಿಲಯದವರು ಅಂತರ್ಜಾಲದ ಮೂಲಕ ಒಂದು ಬರಹವನ್ನು ಲೋಕಕ್ಕೆ ಬಿಡುಗಡೆ ಮಾಡಿದರು. ಆ ಬರಹದಲ್ಲಿ ಬಳಕೆಯಾದ ಅಕ್ಷರಗಳು ನಾಲ್ಕೇ ನಾಲ್ಕು. ಪೂರ್ಣವಾಗಿ ಬರೆದರೆ ಅದರ ಉದ್ದ ಸುಮಾರು 300 ಕೋಟಿ ಅಕ್ಷರ. ಅದಕ್ಕೆ ಬೆಲೆಯನ್ನು ಇಟ್ಟಿರಲಿಲ್ಲ. ಓದುವವನು ಯಾರು, ಯಾವ ದೇಶದವನು, ಏತಕ್ಕಾಗಿ ಓದುವನು ಎಂದು ಯಾರೂ ಕೇಳಲಿಲ್ಲ. ಅಂದಿನ ದಿನ ಆ ವಿಶ್ವವಿದ್ಯಾನಿಲಯದ ತಂತಿಗಳ ಮೇಲೆ ಅದುವರೆಗೆ ಕಂಡರಿಯದಷ್ಟು ಸಂಚಾರವಾಯಿತು. ಮನುಷ್ಯನ ಶರೀರದ ಒಂದೊಂದು ಕಣದೊಳಗೂ ಅಡಗಿರುವ, ತಂದೆತಾಯಿಗಳಿಂದ ಮಕ್ಕಳಿಗೆ ಇಳಿದು ಬರುವ ಜೀವಲಿಪಿಯ ಮೊದಲನೆಯ ಕರಡು ಪ್ರತಿಯೇ ಆ ಬರಹ.

ಈ ಕಾರ್ಯದ ಮುಂದಾಳಾಗಿದ್ದವರು ವೈದ್ಯರಲ್ಲ, ರಸಾಯನಶಾಸ್ತ್ರಜ್ಞರೂ ಅಲ್ಲ. ಅವರು ಗಣಕಯಂತ್ರ ಶಾಸ್ತ್ರದ ಪ್ರಾಧ್ಯಾಪಕರು. ಹೆಸರು ಡೇವಿಡ್ ಹೌಸ್ಲರ್. ಅವರ ಕೈಕೆಳಗೆ ಆ ಲಿಪಿಯನ್ನು ಜೋಡಿಸಿದವರು ಜೇಮ್ಸ್ ಕೆಂಟ್ ಎಂಬ, ವಯಸ್ಸಿನಲ್ಲಿ ನಲವತ್ತನ್ನು ಮುಟ್ಟಿದ್ದ ವಿದ್ಯಾರ್ಥಿ. ನಮ್ಮ ವಾಚಕರಲ್ಲಿ ಕೆಲವರು, ದೂರದೇಶದ ಪಂಡಿತರ ವೃತ್ತಾಂತದಿಂದ ನಮಗೇನು ಪ್ರಯೋಜನವೆಂದು ಕೇಳಬಹುದು. ಅಂಥವರು ಅರಿಸಿನದ ವ್ಯಾಜ್ಯವನ್ನು ನೆನೆದುಕೊಳ್ಳಬೇಕು. ನಮ್ಮ ಅಜ್ಜಿಯರು ಗಾಯಕ್ಕೆ ಅರಿಸಿನ ಮೆತ್ತುತ್ತಿದ್ದರಷ್ಟೆ. ಆ ಗುಣಕ್ಕೆ 1995ರಲ್ಲಿ ಅಮೇರಿಕಾದ ಸರ್ಕಾರದವರು ಅಲ್ಲಿನ ಒಂದು ಸಂಸ್ಥೆಗೆ ಪೇಟೆಂಟು ಕೊಟ್ಟುಬಿಟ್ಟರು. ಭಾರತದ ವೈಜ್ಞಾನಿಕ ಮತ್ತು ಔದ್ಯಮಿಕ ಸಂಶೋಧನಾ ಪರಿಷತ್ತಿನವರು ತಕರಾರು ಹೂಡಿ, ಹಳೆಯ ಗ್ರಂಥಗಳನ್ನು ರುಜುವಾತಾಗಿ ಮುಂದಿಟ್ಟು, 1997ರಲ್ಲಿ ಅದನ್ನು ರದ್ದುಪಡಿಸಿದರು. ಅಲ್ಲಿ ಪಣಕ್ಕೆ ಬಂದದ್ದು ಹಿತ್ತಿಲಿನ ಒಂದು ಗಡ್ಡೆ. ಇಲ್ಲಿ ಪಣಕ್ಕೆ ಬಂದದ್ದು ಮನುಷ್ಯನ ಮೈಯೊಳಗಿನ ಬರಹವೇ. ಅದು ಊರಿನ ಗೋಮಾಳವಾಗಿ ಉಳಿಯತಕ್ಕದ್ದೋ, ಯಾರಾದರೊಬ್ಬರ ಖಾತೆಗೆ ಸೇರತಕ್ಕದ್ದೋ ಎಂಬ ಪ್ರಶ್ನೆ ಕೆಲವು ವಾರಗಳ ದುಡಿಮೆಯ ಮೇಲೆ ನಿಂತಿದ್ದ ಕಾಲವೊಂದಿತ್ತು.

ಹೌಸ್ಲರ್ ಅವರು ಹುಟ್ಟಿದ್ದು 1953ರಲ್ಲಿ. ಅವರ ವಿದ್ಯಾಭ್ಯಾಸದ ಕಥೆಯನ್ನು ಕೇಳಿದರೆ ನಮ್ಮ ದೇಶದ ತಂದೆತಾಯಿಗಳು ಹಣೆ ಚಚ್ಚಿಕೊಳ್ಳುವುದು ಖಂಡಿತ. ಮೊದಲು ಸಾನ್ ಫ್ರಾನ್ಸಿಸ್ಕೋ ನಗರದಲ್ಲಿ ಚಿತ್ರಕಲೆ. ಅದನ್ನು ಬಿಟ್ಟು ಹಾಲಿವುಡ್ಡಿನ ಒಂದು ಕಾಲೇಜಿನಲ್ಲಿ ಮಾನಸಿಕ ಚಿಕಿತ್ಸೆಯ ಪಾಠ. ಅದನ್ನೂ ಬಿಟ್ಟು ಕನೆಕ್ಟಿಕಟ್ ಕಾಲೇಜಿನಲ್ಲಿ ಗಣಿತ. 1975ರಲ್ಲಿ ಪದವಿಯೇನೋ ಬಂದಿತು. ಆ ಮೇಲೆ ನಾಲ್ಕು ವರ್ಷ ಅಲೆದಾಟ. ಎಣ್ಣೆ ಶುದ್ಧಿಮಾಡುವ ಕಾರ್ಖಾನೆಯಲ್ಲಿ ಕೂಲಿ, ಗ್ರೀಸಿನ ಕ್ರೀಟ್ ದ್ವೀಪದಲ್ಲಿ ಟೊಮೇಟೊ ಬೇಸಾಯ, ಮರಳಿ ಬಂದು ಕ್ಯಾಲಿಫೋರ್ನಿಯಾದ ಟೆಂಪಲ್‌ಟನ್ ಎಂಬಲ್ಲಿ ಬಾದಾಮಿ ಅಕ್ರೋಟುಗಳ ತೋಟದ ಕೆಲಸ. ಆ ತೋಟದ ಕೆಲಸದ ನಡುವೆಯೇ ಸಮೀಪದ ಕಾಲೇಜಿಗೆ ಸೇರಿ 1979ರಲ್ಲಿ ಅನ್ವಿತ ಗಣಿತದಲ್ಲಿ ಎಂ.ಎಸ್. ಮುಗಿಸಿದರು. ಮಗನು ಹದಿನೆಂಟಕ್ಕೆ ಒಂದು ದಾರಿ ಹಿಡಿಯಲಿಲ್ಲವೆಂದರೆ ಬಾಳೇ ಮುಳುಗಿತೆಂದು ತಿಳಿಯುವ ನಮ್ಮವರು ಈ ಪಟ್ಟಿಯನ್ನು ಇನ್ನೊಮ್ಮೆ ಓದಿಕೊಂಡರೆ ತಪ್ಪಿಲ್ಲ.

ಆದರೆ ಈ ಅಲೆದಾಟದ ನಡುವೆ ಒಂದು ಎಳೆ ಮಾತ್ರ ಕಡಿಯದೆ ಉಳಿದಿತ್ತು. ಅವರ ಅಣ್ಣ ಮಾರ್ಕ್ ಹೌಸ್ಲರ್ ಅರಿಜೋನಾ ವಿಶ್ವವಿದ್ಯಾನಿಲಯದಲ್ಲಿ ಜೀವರಸಾಯನ ಶಾಸ್ತ್ರಜ್ಞರು. ಬೇಸಗೆಯ ರಜಗಳಲ್ಲಿ ತಮ್ಮನು ಅಣ್ಣನ ಪ್ರಯೋಗಶಾಲೆಗೆ ಹೋಗಿ ದುಡಿಯುತ್ತಿದ್ದನು. ಡಿ ಜೀವಸತ್ವವು ಶರೀರದಲ್ಲಿ ಪರಿವರ್ತನೆ ಹೊಂದಿ ಆಗುವ ರಸವು ಮನುಷ್ಯನ ರಕ್ತದಲ್ಲಿ ಎಷ್ಟಿದೆಯೆಂದು ಮೊಟ್ಟಮೊದಲು ಅಳೆದು ತೋರಿಸಿದವರು ಆ ಪ್ರಯೋಗಶಾಲೆಯವರೇ. ಆ ಕುರಿತು 1974ರಲ್ಲಿ ಪ್ರಕಟವಾದ ಲೇಖನದಲ್ಲಿ ಇಪ್ಪತ್ತೊಂದನ್ನೂ ಮುಟ್ಟದಿದ್ದ ಡೇವಿಡ್ಡನ ಹೆಸರೂ ಉಂಟು. ಲೆಕ್ಕದ ಮನುಷ್ಯನಿಗೆ ಜೀವಶಾಸ್ತ್ರದ ರುಚಿ ಹತ್ತಿದ್ದು ಅಲ್ಲಿ.

ಮುಂದಿನದು ಕೊಲರಾಡೋ ವಿಶ್ವವಿದ್ಯಾನಿಲಯದ ಬೋಲ್ಡರ್ ನಗರ. ಅಲ್ಲಿ ಪೋಲೆಂಡ್ ದೇಶದಿಂದ ಬಂದು ನೆಲಸಿದ್ದ ಆಂಜೆಯ್ ಎರೆನ್‌ಫಾಯ್ಖ್ಟ್ ಎಂಬ ಗಣಿತಾಚಾರ್ಯರಿದ್ದರು. ಅಕ್ಷರಗಳ ಸರಣಿಗಳೆಂದರೆ ಅವರಿಗೆ ಬಹಳ ಆಸಕ್ತಿ, ಜೀವಕಣದಲ್ಲಿರುವ ಡಿ.ಎನ್.ಎ. ಎಂಬ ದ್ರವ್ಯವೂ ಒಂದು ಅಕ್ಷರ ಸರಣಿಯೇ ಆದುದರಿಂದ ಅದರ ವಿಚಾರವೂ ಅವರ ಶಿಷ್ಯಮಂಡಲಿಯಲ್ಲಿ ನಡೆಯುತ್ತಿತ್ತು. ಹೌಸ್ಲರ್ 1982ರಲ್ಲಿ ಅಲ್ಲಿಂದ ಡಾಕ್ಟರ್ ಪದವಿ ಪಡೆದರು. ಅವರಿಗೆ ಒಂದು ವರ್ಷ ಮುಂಚೆ, 1981ರಲ್ಲಿ, ಅದೇ ಆಚಾರ್ಯರ ಬಳಿ ಓದು ಮುಗಿಸಿ ಹೊರಟವರು ಯೂಜೀನ್ ಮೈಯರ್ಸ್. ಈ ಹೆಸರನ್ನು ವಾಚಕರು ನೆನಪಿನಲ್ಲಿಟ್ಟುಕೊಂಡಿರಬೇಕು. ದ್ರೋಣಾಚಾರ್ಯರ ಗರಡಿಯಲ್ಲಿ ಕಲಿತವರು ಕುರುಕ್ಷೇತ್ರದಲ್ಲಿ ಎರಡು ಪಾಳೆಯಗಳಲ್ಲಿಯೂ ನಿಂತಂತೆ, ಹದಿನೆಂಟು ವರ್ಷಗಳಾದ ಮೇಲೆ ಇವರಿಬ್ಬರೂ ಎದುರುಬದುರಾಗಿ ನಿಲ್ಲುವ ಪ್ರಸಂಗ ಬಂದಿತು.

ಡೆನ್ವರಿನಲ್ಲಿ ನಾಲ್ಕು ವರ್ಷ ಪಾಠ ಹೇಳಿ 1986ರಲ್ಲಿ ಹೌಸ್ಲರ್ ಸಾಂತಾ ಕ್ರೂಜಿಗೆ ಬಂದರು. ಅಲ್ಲಿ ಅವರು ಮೊದಲು ಹೆಸರು ಪಡೆದದ್ದು ಯಂತ್ರಗಳಿಗೆ ಕಲಿಸುವ ಶಾಸ್ತ್ರದಲ್ಲಿ. ಎಷ್ಟು ಉದಾಹರಣೆಗಳನ್ನು ತೋರಿಸಿದರೆ ಯಂತ್ರವೊಂದು ಅವುಗಳ ಹಿಂದಿರುವ ನಿಯಮವನ್ನು ನಂಬತಕ್ಕಷ್ಟು ಮಟ್ಟಿಗೆ ಊಹಿಸಬಲ್ಲದು ಎಂಬುದರ ಗಣಿತವನ್ನು ಅವರೂ ಅವರ ಗುರುಗಳೂ ಇನ್ನಿಬ್ಬರೊಡಗೂಡಿ 1989ರಲ್ಲಿ ಪ್ರಕಟಿಸಿದರು. ಇಂದು ಬಾಯಿಬಾಯಿಯಲ್ಲಿ ಕೇಳಿಬರುತ್ತಿರುವ ಕೃತಕ ಬುದ್ಧಿಯ ಅಡಿಗಲ್ಲುಗಳಲ್ಲಿ ಅದೂ ಒಂದು.

ಆ ವಿದ್ಯೆಯನ್ನು ಅವರು ಜೀವಲಿಪಿಗೆ ತಿರುಗಿಸಿದ ಬಗೆಯನ್ನು ಸ್ವಲ್ಪ ವಿವರಿಸಬೇಕು. ಓಲೆಗರಿಯ ಗ್ರಂಥಗಳನ್ನು ಪರಿಷ್ಕರಿಸಿದವರಿಗೆ ಪಾಠಾಂತರವೆಂದರೇನೆಂಬುದು ಗೊತ್ತು. ಮೂಲ ಒಂದೇ; ಲಿಪಿಕಾರರು ಪ್ರತಿಯಿಂದ ಪ್ರತಿಗೆ ಇಳಿಸುವಾಗ ಒಂದೆಡೆ ಅಕ್ಷರ ಬಿಡುವುದು, ಒಂದೆಡೆ ಸೇರುವುದು, ಒಂದೆಡೆ ಬದಲಾಗುವುದು. ಜೀವಿಗಳಲ್ಲಿಯೂ ಇದೇ ಆಗಿದೆ. ಕೋಟ್ಯಂತರ ವರ್ಷ ಪೀಳಿಗೆಯಿಂದ ಪೀಳಿಗೆಗೆ ನಕಲಾಗುತ್ತ ಬಂದು, ಒಂದೇ ಮೂಲದ ವಾಕ್ಯ ಮನುಷ್ಯನಲ್ಲಿ ಒಂದು ಬಗೆ, ಹಸುವಿನಲ್ಲಿ ಇನ್ನೊಂದು ಬಗೆ, ಮೀನಿನಲ್ಲಿ ಮತ್ತೊಂದು ಬಗೆಯಾಗಿ ಕಾಣುತ್ತದೆ. ಇವೆಲ್ಲ ಒಂದೇ ಕುಲದ ಮಾತುಗಳೆಂದು ಗುರುತಿಸುವುದು ಹೇಗೆ? ಮನುಷ್ಯರ ಮಾತನ್ನು ಯಂತ್ರಕ್ಕೆ ಅರ್ಥಮಾಡಿಸಲು ಹೊರಟಿದ್ದವರ ಬಳಿ ಇದಕ್ಕೆ ಹೊಂದುವ ಉಪಾಯವೊಂದಿತ್ತು. ಒಂದೇ ಪದವನ್ನು ಒಬ್ಬನು ಎಳೆದು ನುಡಿಯುವನು, ಒಬ್ಬನು ನುಂಗಿ ನುಡಿಯುವನು. ಆದರೂ ಪದ ಅದೇ ಎಂದು ಸಂಭಾವ್ಯತೆಯ ಲೆಕ್ಕದಿಂದ ನಿರ್ಣಯಿಸುವ ಮಾರ್ಕೋವ್ ಮಾದರಿ ಎಂಬ ಉಪಾಯ ಅದು. ಡೆನ್ಮಾರ್ಕಿನಿಂದ ಬಂದಿದ್ದ ಆಂಡರ್ಸ್ ಕ್ರೋಗ್ ಎಂಬವರೊಡನೆಯೂ ಇತರರೊಡನೆಯೂ ಸೇರಿ ಹೌಸ್ಲರ್ ಅದನ್ನು ಜೀವಶಾಸ್ತ್ರಕ್ಕೆ ಅನ್ವಯಿಸಿ 1994ರಲ್ಲಿ ಪ್ರಕಟಿಸಿದರು. ಅಲ್ಲಿಂದ ಈಚೆಗೆ ಅದು ಆ ಶಾಸ್ತ್ರದಲ್ಲಿ ನಿತ್ಯದ ಸಲಕರಣೆಯಾಯಿತು.

ಇನ್ನು ಪ್ರಧಾನ ಪ್ರಸಂಗಕ್ಕೆ ಬರೋಣ. ಮನುಷ್ಯನ ಸಮಗ್ರ ಲಿಪಿಯನ್ನು ಓದಿಸಬೇಕೆಂಬ ಯೋಚನೆಗಾಗಿ ಸೇರಿದ ಮೊದಮೊದಲ ಸಭೆಗಳಲ್ಲೊಂದು 1985ರಲ್ಲಿ ನಡೆದದ್ದು ಇದೇ ಸಾಂತಾ ಕ್ರೂಜಿನಲ್ಲಿ, ಅಂದಿನ ಕುಲಪತಿ ರಾಬರ್ಟ್ ಸಿನ್‌ಶೈಮರ್ ಅವರ ಆಹ್ವಾನದ ಮೇರೆಗೆ. ಅಂದು ಅವರಿಗೆ ಹಣ ಹುಟ್ಟಲಿಲ್ಲ. 1990ರಲ್ಲಿ ಅಮೇರಿಕಾ ಸರ್ಕಾರದವರೇ 15 ವರ್ಷದ ಅವಧಿಯನ್ನೂ 300 ಕೋಟಿ ಡಾಲರುಗಳ ಅಂದಾಜನ್ನೂ ಇಟ್ಟುಕೊಂಡು ಕೆಲಸವನ್ನು ಆರಂಭಿಸಿದರು. ಅಮೇರಿಕಾ, ಬ್ರಿಟನ್, ಫ್ರಾನ್ಸ್, ಜರ್ಮನಿ, ಜಪಾನ್, ಚೀನಾ ಎಂಬ ಆರು ದೇಶಗಳ ಸಂಸ್ಥೆಗಳು ಅದರಲ್ಲಿ ಪಾಲುಗೊಂಡವು. 1996ರಲ್ಲಿ ಬರ್ಮುಡಾ ದ್ವೀಪದಲ್ಲಿ ಸಭೆ ಸೇರಿದ ಆ ಪಂಡಿತರು, ಓದಿದ ಅಕ್ಷರಗಳನ್ನು 24 ಗಂಟೆಗಳೊಳಗಾಗಿ ಸಾರ್ವಜನಿಕರ ಮುಂದೆ ಇಟ್ಟುಬಿಡಬೇಕೆಂದು ತಮ್ಮೊಳಗೆ ಕಟ್ಟಳೆ ಮಾಡಿಕೊಂಡರು. ವಿದ್ವಾಂಸರು ತಮ್ಮ ಸಂಗ್ರಹವನ್ನು ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕುವುದನ್ನು ಕಂಡಿರುವ ನಮಗೆ ಈ ಕಟ್ಟಳೆಯು ಲಿಪಿಯಷ್ಟೇ ದೊಡ್ಡ ವಿಷಯವಾಗಿ ತೋರುತ್ತದೆ.

ಹೀಗಿರಲಾಗಿ 1998ರ ಮೇ ತಿಂಗಳಲ್ಲಿ ಕ್ರೇಗ್ ವೆಂಟರ್ ಎಂಬ ಸಾಹಸಿ ವಿಜ್ಞಾನಿ, ಲಿಪಿ ಓದುವ ಯಂತ್ರಗಳನ್ನು ತಯಾರಿಸುತ್ತಿದ್ದ ಕಂಪೆನಿಯ ಬಂಡವಾಳದಿಂದ ಹೊಸದೊಂದು ಕಂಪೆನಿಯನ್ನು ಹೂಡುವುದಾಗಿಯೂ, ಸರ್ಕಾರದವರ ಖರ್ಚಿನ ಹತ್ತರಲ್ಲೊಂದು ಪಾಲಿನಲ್ಲಿ ಮೂರೇ ವರ್ಷಗಳಲ್ಲಿ ಕೆಲಸವನ್ನು ಮುಗಿಸುವುದಾಗಿಯೂ ಸಾರಿದರು. ಅದೇ ಸೆಲೆರಾ ಕಂಪೆನಿ. ಲಿಪಿಯನ್ನು ಓದಬಯಸುವ ಔಷಧ ಕಂಪೆನಿಗಳು ಚಂದಾ ಕೊಡಬೇಕು; ಬೆಲೆಯುಳ್ಳ ಭಾಗಗಳಿಗೆ ಪೇಟೆಂಟು ಕೋರಬೇಕು; ಇದು ಅವರ ವ್ಯಾಪಾರದ ಕ್ರಮ. 1999ರಲ್ಲಿ ಸಾವಿರಾರು ವಂಶವಾಹಿ ಭಾಗಗಳ ಮೇಲೆ ಅವರು ಮೊದಲ ಹಂತದ ಅರ್ಜಿಗಳನ್ನು ಗುಜರಾಯಿಸಿಯೂ ಬಿಟ್ಟರು. ಆ ಕಂಪೆನಿಯಲ್ಲಿ ಅಕ್ಷರ ಜೋಡಿಸುವ ಗಣಿತದ ನಾಯಕರಾಗಿ ಸೇರಿದವರೇ ಮೈಯರ್ಸ್.

ಮೈಯರ್ಸ್ ಅವರಿಗೆ ಅನ್ಯಾಯವಾಗಬಾರದು. ಅವರು ಹಣದಾಸೆಗೆ ಅತ್ತ ಹೋದರೆಂದು ಹೇಳುವುದಕ್ಕೆ ಆಧಾರವಿಲ್ಲ. ಇಡೀ ಲಿಪಿಯನ್ನು ಒಮ್ಮೆಗೇ ಚೂರುಚೂರು ಮಾಡಿ, ಚೂರುಗಳನ್ನೆಲ್ಲ ಓದಿ, ಗಣಕಯಂತ್ರದಿಂದಲೇ ಮರಳಿ ಜೋಡಿಸಬಹುದೆಂದು ಅವರೂ ಜೇಮ್ಸ್ ವೆಬರ್ ಎಂಬವರೂ 1997ರಲ್ಲಿ ಬರೆದರು. ಅದಾಗದೆಂದು ಫಿಲಿಪ್ ಗ್ರೀನ್ ಎಂಬ ಪಂಡಿತರು ಅದೇ ಪತ್ರಿಕೆಯ ಅದೇ ಸಂಚಿಕೆಯಲ್ಲಿ ಖಂಡಿಸಿದರು. ಸರ್ಕಾರಿ ಯೋಜನೆಯವರು ಗ್ರೀನರ ಪಕ್ಷವನ್ನೇ ಹಿಡಿದರು. ತನ್ನ ವಿದ್ಯೆಯನ್ನು ಪರೀಕ್ಷಿಸಲು ಒಂದು ಕಣವೂ ಸಿಕ್ಕದಿದ್ದ ಗಣಿತಜ್ಞನಿಗೆ ಕಂಪೆನಿಯವರು ಇಡೀ ರಣರಂಗವನ್ನೇ ಕೊಟ್ಟರು. 2000ದ ಮಾರ್ಚಿಯಲ್ಲಿ ಹಣ್ಣಿನ ನೊಣದ ಲಿಪಿಯನ್ನು ಅದೇ ಕ್ರಮದಿಂದ ಜೋಡಿಸಿ ಅವರು ತಮ್ಮ ಮಾತನ್ನು ಸಾಧಿಸಿ ತೋರಿಸಿದರು. ಮುಂದೆ ನೂರಾರು ಪ್ರಾಣಿಗಳ ಲಿಪಿಗಳನ್ನು ಲೋಕದವರು ಓದಿದ್ದು ಬಹುಮಟ್ಟಿಗೆ ಮೈಯರ್ಸರ ದಾರಿಯಲ್ಲಿಯೇ.

ಹೌಸ್ಲರ್ ಅವರನ್ನು ಸರ್ಕಾರಿ ಯೋಜನೆಗೆ ಕರೆದವರು ಎರಿಕ್ ಲ್ಯಾಂಡರ್, 1999ರ ಕೊನೆಯಲ್ಲಿ. ಕರೆದದ್ದು ಬೇರೆ ಕೆಲಸಕ್ಕೆ. ಜೋಡಿಸಿದ ಲಿಪಿಯಲ್ಲಿ ವಂಶವಾಹಿಗಳು ಎಲ್ಲೆಲ್ಲಿವೆಯೆಂದು ಹುಡುಕಿಕೊಡಬೇಕೆಂದು. ಬಂದು ನೋಡಿದರೆ ಹುಡುಕುವುದಕ್ಕೆ ಜೋಡಿಸಿದ ಲಿಪಿಯೇ ಇಲ್ಲ! ಇದ್ದದ್ದು ಸುಮಾರು 4 ಲಕ್ಷ ತುಂಡುಗಳ ರಾಶಿ. ಸರ್ಕಾರಿ ಪಕ್ಷದವರ ಕ್ರಮ ಹೀಗಿತ್ತು: ಇಡೀ ಲಿಪಿಯನ್ನು ಮೊದಲು ಒಂದೂವರೆ ಲಕ್ಷ ಅಕ್ಷರದಷ್ಟು ದೊಡ್ಡ ಕಟ್ಟುಗಳಾಗಿ ವಿಂಗಡಿಸಿಕೊಳ್ಳುವುದು, ಯಾವ ಕಟ್ಟು ಯಾವುದರ ಪಕ್ಕದ್ದೆಂದು ಒಂದು ನಕ್ಷೆ ಇಟ್ಟುಕೊಳ್ಳುವುದು, ಆ ಮೇಲೆ ಒಂದೊಂದು ಕಟ್ಟನ್ನೂ ಪುಡಿಮಾಡಿ ಓದುವುದು. ಸಾವಧಾನವಾಗಿ ಮುಗಿಸಿದ್ದರೆ ಎಲ್ಲವೂ ತಾನಾಗಿ ಕೂಡಿಕೊಳ್ಳುತ್ತಿತ್ತು. ಆದರೆ ಸೆಲೆರಾದವರ ಓಟಕ್ಕೆ ಹೆದರಿ ಇವರೂ ಅವಸರಕ್ಕೆ ಬಿದ್ದು ಕಟ್ಟುಗಳನ್ನು ಅರೆಬರೆಯಾಗಿ ಓದಿ ಮುಂದೆ ನಡೆದಿದ್ದರು. ಹೀಗಾಗಿ ಸುಮಾರು 30 ಸಾವಿರ ಕಟ್ಟುಗಳಿಂದ 4 ಲಕ್ಷ ತುಂಡುಗಳು ಉಳಿದವು. ಒಂದೊಂದು ತುಂಡೂ ಹಿಂದೋ ಮುಂದೋ, ನೆಟ್ಟಗೋ ತಲೆಕೆಳಗೋ ಎಂಬುದು ತಿಳಿಯದು.

ಅಚ್ಚುಕೂಟದ ಅನುಭವವಿದ್ದವರಿಗೆ ಈ ಸಂಕಟ ಬೇಗ ಅರ್ಥವಾದೀತು. ಜೋಡಿಸಿಟ್ಟ ನೂರು ಪುಟದ ಮೊಳೆಗಳು ರಾತ್ರೋರಾತ್ರಿ ನೆಲಕ್ಕೆ ಚೆಲ್ಲಿವೆ ಎಂದುಕೊಳ್ಳಿರಿ. ಕೆಲವು ಸಾಲುಗಳು ಸಾಲಾಗಿಯೇ ಉಳಿದಿವೆ. ಆ ಸಾಲುಗಳ ತುದಿಗಳು ಒಂದಕ್ಕೊಂದು ಹೊಂದುವುದನ್ನು ನೋಡಿ ಪುಟಗಳನ್ನು ಕಟ್ಟಬೇಕು. ಇದೇನು ಮಹಾ ಎನ್ನಬಹುದು. ಆದರೆ ಮನುಷ್ಯನ ಲಿಪಿಯಲ್ಲಿ ಹೆಚ್ಚುಕಡಿಮೆ ಅರ್ಧ ಭಾಗ ಪುನರುಕ್ತಿ. ಒಂದೇ ಪಲ್ಲವಿ ಲಕ್ಷ ಸಲ ಬರುವ ಹಾಡಿನಲ್ಲಿ ಈ ಪಲ್ಲವಿ ಯಾವ ಚರಣದ ಹಿಂದಿನದು? ತುದಿ ಹೊಂದಿತೆಂದ ಮಾತ್ರಕ್ಕೆ ನಂಬುವ ಹಾಗಿಲ್ಲ.

ಈ ಕಡೆ ಕಾಲ ಮೀರುತ್ತಿತ್ತು. ಜೂನ್ 26ರಂದು ಅಮೇರಿಕಾದ ಅಧ್ಯಕ್ಷರ ಭವನದಲ್ಲಿ ಉಭಯ ಪಕ್ಷಗಳೂ ಒಟ್ಟಿಗೆ ನಿಂತು ಕರಡು ಮುಗಿಯಿತೆಂದು ಸಾರುವುದೆಂದು ಒಪ್ಪಂದವಾಗತೊಡಗಿತ್ತು. ಮೇ ತಿಂಗಳಿನಲ್ಲಿಯೂ ಹೌಸ್ಲರ್ ಅವರ ಕೈಗೆ ಕೆಲಸ ಹತ್ತಿರಲಿಲ್ಲ. ಇತರ ಕೇಂದ್ರಗಳಲ್ಲಿ ನಡೆದಿದ್ದ ಪ್ರಯತ್ನಗಳೂ ಸಿದ್ಧವಾಗಿರಲಿಲ್ಲ. ಆಗ ಜೇಮ್ಸ್ ಕೆಂಟ್ ತಾನು ಬರೆದುಕೊಡುವೆನೆಂದು ಮುಂದೆ ಬಂದರು.

ಕೆಂಟ್ ಅವರದೂ ವಿಲಕ್ಷಣವಾದ ಚರಿತ್ರೆಯೇ. ಗಣಿತ ಓದಿ, ಹತ್ತು ಹದಿನೈದು ವರ್ಷ ಗಣಕಯಂತ್ರಗಳಲ್ಲಿ ಚಿತ್ರ ಬರೆಯುವ, ಚಿತ್ರಗಳನ್ನು ಚಲಿಸುವಂತೆ ಮಾಡುವ ಕ್ರಮವಿಧಿಗಳನ್ನು ರಚಿಸಿ ಮಾರಿ ಜೀವನ ಮಾಡಿದ್ದರು. ಆಟೋಡೆಸ್ಕ್ ಆನಿಮೇಟರ್ ಎಂಬುದು ಅವರ ಕೈಯ ಕೆಲಸ. ಆ ಉದ್ಯೋಗದಲ್ಲಿ ಬೇಸರ ಹುಟ್ಟಿತು. ಮೈಕ್ರೋಸಾಫ್ಟ್ ಕಂಪೆನಿಯವರು ತಮ್ಮ ವಿಂಡೋಸ್ ಯಂತ್ರವ್ಯವಸ್ಥೆಯ ವಿವರಗಳನ್ನು 12 ಸಿ.ಡಿ. ತಟ್ಟೆಗಳಲ್ಲಿ ಕಳುಹಿಸಿದ್ದನ್ನು ನೋಡಿ, ಮನುಷ್ಯನನ್ನೇ ನಿರ್ಮಿಸುವ ವಿವರವು ಒಂದೇ ತಟ್ಟೆಯಲ್ಲಿ ಹಿಡಿಸುವುದಲ್ಲ ಎಂದು ಅವರಿಗೆ ಹೊಳೆದದ್ದನ್ನು ಅವರೇ ಹೇಳಿಕೊಂಡಿದ್ದಾರೆ. ಅಂಗಡಿ ಮುಚ್ಚಿ, ಮಕ್ಕಳ ವಯಸ್ಸಿನವರ ನಡುವೆ ಜೀವಶಾಸ್ತ್ರದ ತರಗತಿಗೆ ಬಂದು ಕುಳಿತರು. ಒಂದು ಸಣ್ಣ ಹುಳುವಿನ ಲಿಪಿಯನ್ನು ಪರದೆಯ ಮೇಲೆ ತೋರಿಸುವ ಸಲಕರಣೆಯನ್ನು ತಮ್ಮ ಓದಿನ ಭಾಗವಾಗಿ ಮಾಡಿಟ್ಟುಕೊಂಡಿದ್ದರು. ಈ ಎರಡು ವಿದ್ಯೆಗಳೂ ಒಂದೇ ತಲೆಯಲ್ಲಿ ಸೇರಿದ್ದವರು ಆ ದಿನಗಳಲ್ಲಿ ವಿರಳ.

ನಾಲ್ಕು ವಾರ ಅವರು ತಮ್ಮ ಮನೆಯ ಮೋಟಾರು ಕೊಟ್ಟಿಗೆಯನ್ನೇ ಕಾರ್ಯಾಲಯ ಮಾಡಿಕೊಂಡು ಬರೆದರು. ಹಗಲಿರುಳು ಕೀಲಿಮಣೆ ಬಡಿದು ಮಣಿಕಟ್ಟುಗಳು ಊದಿದವು. ರಾತ್ರಿಯ ಹೊತ್ತು ಮಂಜುಗಡ್ಡೆ ಇಟ್ಟುಕೊಂಡು ಮರುದಿನ ಮತ್ತೆ ಕುಳಿತರು. ಸುಮಾರು 10 ಸಾವಿರ ಸಾಲಿನ ಕ್ರಮವಿಧಿ ಸಿದ್ಧವಾಯಿತು. ತುಂಡುಗಳ ತುದಿ ಹೊಂದಿಸುವುದರ ಜೊತೆಗೆ, ಜೀವಕಣದಲ್ಲಿ ವಂಶವಾಹಿಗಳಿಂದ ಹೊರಡುವ ಸಂದೇಶಗಳ ನಕಲುಗಳನ್ನೂ, ಒಂದು ಗೊತ್ತಾದ ದೂರದಲ್ಲಿವೆಯೆಂದು ಮೊದಲೇ ತಿಳಿದಿದ್ದ ಜೋಡಿ ತುದಿಗಳನ್ನೂ ಸೇತುವೆಗಳಾಗಿ ಬಳಸಿ, ನಕ್ಷೆಯೊಡನೆ ತಾಳೆ ನೋಡಿ, ಯಾವ ಸಾಕ್ಷಿಗೆ ಎಷ್ಟು ಬೆಲೆಯೆಂದು ತೂಗಿ ತೀರ್ಮಾನಿಸುವುದು ಅದರ ಕ್ರಮ. ಕಚೇರಿಯಲ್ಲಿ ಒಂದಕ್ಕೊಂದು ಹೊಂದದ ದಾಖಲೆಗಳನ್ನಿಟ್ಟುಕೊಂಡು ಜಮೀನಿನ ಎಲ್ಲೆಯನ್ನು ಗೊತ್ತುಮಾಡುವ ಅಮಲ್ದಾರರಿಗೆ ಈ ತೂಗಾಟ ಹೊಸದಲ್ಲ. ಸೆಲೆರಾದವರ ಬಳಿ ಖಾಸಗಿಯವರಲ್ಲಿಯೇ ಅತಿ ದೊಡ್ಡದೆಂದು ಹೆಸರಾಗಿದ್ದ ಗಣಕಶಾಲೆಯಿತ್ತು. ಸಾಂತಾ ಕ್ರೂಜಿನವರ ಬಳಿ ಇದ್ದವು ಅಂಗಡಿಯಲ್ಲಿ ದೊರೆಯುವ ಜಾತಿಯ 100 ಪೆಂಟಿಯಂ ಯಂತ್ರಗಳು, ಒಂದರ ಪಕ್ಕಕ್ಕೊಂದು ಜೋಡಿಸಿದವು.

ಜೂನ್ 22ರಂದು ಕೆಂಟ್ ಅವರ ಜೋಡಣೆ ಮುಗಿಯಿತು. ಸೆಲೆರಾದವರದು ಮುಗಿದದ್ದು 25ಕ್ಕೆ. 26ರಂದು ಅಧ್ಯಕ್ಷ ಕ್ಲಿಂಟನ್ ಅವರ ಎಡಬಲಗಳಲ್ಲಿ ವೆಂಟರ್ ಅವರೂ ಸರ್ಕಾರಿ ಯೋಜನೆಯ ಫ್ರಾನ್ಸಿಸ್ ಕಾಲಿನ್ಸ್ ಅವರೂ ನಿಂತರು. ಪತ್ರಿಕೆಗಳ ತುಂಬ ಅದೇ ಚಿತ್ರ. ಮೂರು ದಿನದ ಅಂತರವೇನು ದೊಡ್ಡದು, ಕುದುರೆ ಪಂದ್ಯವೇ ಇದು ಎಂದು ಯಾರಾದರೂ ನಗಬಹುದು. ಪಂದ್ಯದ ಮಾತು ನಮಗೂ ಮುಖ್ಯವಲ್ಲ. ಆದರೆ ಸಾರ್ವಜನಿಕರ ಪಾಲಿಗೆ ಜೋಡಿಸಿದ ಪ್ರತಿಯೊಂದು ಇಲ್ಲದೆ ಹೋಗಿದ್ದರೆ ಲೋಕದ ಪ್ರಯೋಗಶಾಲೆಗಳೆಲ್ಲ ಕಂಪೆನಿಯ ಬಾಗಿಲಿನಲ್ಲಿ ಚಂದಾ ಹಿಡಿದು ನಿಲ್ಲಬೇಕಾಗುತ್ತಿತ್ತು. ಜುಲೈ 7ರ ಪ್ರಕಟಣೆಯ ಬೆಲೆ ಇರುವುದು ಇಲ್ಲಿ. ಸೆಲೆರಾದವರು 2001ರ ಫೆಬ್ರವರಿಯಲ್ಲಿ ತಮ್ಮ ಲೇಖನವನ್ನು ಪ್ರಕಟಿಸಿದಾಗಲೂ ಲಿಪಿಯನ್ನು ಷರತ್ತುಗಳೊಡನೆ ಮಾತ್ರ ತೋರಿಸಿದರು. ಉಚಿತವಾಗಿ ದೊರೆಯುವ ಸರಕಿಗೆ ಚಂದಾ ಕೊಡುವವರು ಕಡಿಮೆಯಾದರು. 2005ರಲ್ಲಿ ಆ ಕಂಪೆನಿಯವರು ಚಂದಾ ವ್ಯಾಪಾರವನ್ನು ಬಿಟ್ಟು ತಮ್ಮ ಲಿಪಿಯನ್ನೂ ಸಾರ್ವಜನಿಕ ಭಂಡಾರಕ್ಕೆ ಒಪ್ಪಿಸಿದರು. ಅವರ ಸ್ಪರ್ಧೆ ಇಲ್ಲದಿದ್ದರೆ ಸರ್ಕಾರಿ ಕೆಲಸ ಅಷ್ಟು ಬೇಗ ಮುಗಿಯುತ್ತಿರಲಿಲ್ಲವೆಂಬುದನ್ನೂ ಒಪ್ಪಬೇಕು. ಸರ್ಕಾರಿ ಎತ್ತಿಗೆ ಹಿಂದಿನಿಂದ ಒಂದು ಚಾಟಿಯ ಸದ್ದು ಕೇಳದೆ ಹೆಜ್ಜೆ ಬೀಳುವುದಿಲ್ಲ. ಇದು ಎಲ್ಲ ದೇಶದಲ್ಲಿಯೂ ಒಂದೇ.

ಪೇಟೆಂಟಿನ ಪ್ರಶ್ನೆ ಇತ್ಯರ್ಥವಾಗುವುದಕ್ಕೆ ಇನ್ನೂ ಬಹಳ ಕಾಲ ಹಿಡಿಯಿತು. ಸ್ತನದ ಮತ್ತು ಅಂಡಾಶಯದ ಏಡಿಹುಣ್ಣಿಗೆ ಸಂಬಂಧಪಟ್ಟ ಎರಡು ವಂಶವಾಹಿಗಳ ಮೇಲೆ ಮಿರಿಯಡ್ ಎಂಬ ಕಂಪೆನಿಯವರು ಹಕ್ಕು ಹಿಡಿದಿದ್ದರು. ಅವರ ಹೊರತು ಬೇರೆಯವರು ಪರೀಕ್ಷೆ ಮಾಡುವಂತಿರಲಿಲ್ಲ, ಪರೀಕ್ಷೆಯ ದರವೋ ಸಾವಿರಾರು ಡಾಲರು. 2013ರ ಜೂನ್ 13ರಂದು ಅಮೇರಿಕಾದ ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಾಧೀಶರೂ ಏಕಮತದಿಂದ, ಪ್ರಕೃತಿಯಲ್ಲಿ ಇರುವ ಲಿಪಿಯನ್ನು ಬೇರ್ಪಡಿಸಿದ ಮಾತ್ರಕ್ಕೆ ಅದು ಆವಿಷ್ಕಾರವಾಗದೆಂದು ತೀರ್ಪಿತ್ತರು. ಪ್ರಯೋಗಶಾಲೆಯಲ್ಲಿ ಕೃತಕವಾಗಿ ರಚಿಸಿದ ಪ್ರತಿಗೆ ಮಾತ್ರ ಪೇಟೆಂಟು ಸಲ್ಲಬಹುದೆಂದೂ ಹೇಳಿದರು.

ಹೌಸ್ಲರ್ ಅವರ ಮುಂದಿನ ಕೆಲಸದಲ್ಲಿ ಪಾಠಾಂತರದ ವಿಚಾರವೇ ಮತ್ತೆ ಮೇಲೆ ಬರುತ್ತದೆ. ಲಿಪಿ ದೊರೆತ ಮೇಲೆ ಅದನ್ನು ಓದುವುದಕ್ಕೆ ಕೆಂಟ್ ಅವರು ಒಂದು ವೀಕ್ಷಕವನ್ನು ನಿರ್ಮಿಸಿದರು. ಲಿಪಿಯ ಯಾವ ಭಾಗವನ್ನು ಕೇಳಿದರೂ ಅದನ್ನು ಪರದೆಗೆ ತಂದು, ಅದರ ಕೆಳಗೆ ಟೀಕೆಗಳನ್ನೂ ಇತರ ಪ್ರಾಣಿಗಳ ಪಾಠಗಳನ್ನೂ ಸಾಲಾಗಿ ತೋರಿಸುವ ಸಾಧನ ಅದು. ಇಂದಿಗೂ ಲೋಕದ ಪ್ರಯೋಗಶಾಲೆಗಳಲ್ಲಿ ಪ್ರತಿದಿನ ತೆರೆಯುವ ಪುಟಗಳಲ್ಲಿ ಅದೂ ಒಂದು. ಮೂಲವೂ ವ್ಯಾಖ್ಯಾನವೂ ಒಂದೇ ಪುಟದಲ್ಲಿ ಮುದ್ರಿತವಾದ ಹಳೆಯ ಗ್ರಂಥಗಳನ್ನು ಓದಿದವರಿಗೆ ಇದರ ಏರ್ಪಾಡು ಅಪರಿಚಿತವೆನಿಸದು. ಮನುಷ್ಯನದರ ಪಕ್ಕದಲ್ಲಿ ಇಲಿ ಹೆಗ್ಗಣಗಳ ಲಿಪಿಗಳನ್ನಿಟ್ಟು ನೋಡಲಾಗಿ, 200 ಅಕ್ಷರಕ್ಕೂ ಉದ್ದವಾದ 481 ಭಾಗಗಳು ಮೂರರಲ್ಲಿಯೂ ಒಂದಕ್ಷರವೂ ವ್ಯತ್ಯಾಸವಿಲ್ಲದೆ ಇರುವುದು ಕಂಡುಬಂದಿತು. ಗಿಲ್ ಬೆಜೆರಾನೊ ಎಂಬ ಸಹೋದ್ಯೋಗಿಯೊಡನೆ ಇದನ್ನು 2004ರಲ್ಲಿ ಪ್ರಕಟಿಸಿದರು. ಕೋಟ್ಯಂತರ ವರ್ಷ ಯಾವ ಲಿಪಿಕಾರನೂ ಕೈತಪ್ಪಿ ತಿದ್ದದೆ ಉಳಿಸಿದ ಶ್ಲೋಕಗಳು ಇವೆಂದರೆ, ಅವುಗಳಲ್ಲಿ ಏನೋ ಮುಖ್ಯ ವಿಷಯವಿರಲೇಬೇಕು.

ಅವರ ಶಾಲೆಯ ಕ್ಯಾಥರಿನ್ ಪೊಲಾರ್ಡ್ ಎಂಬ ವಿದುಷಿ ಇದಕ್ಕೆ ವಿರುದ್ಧವಾದುದನ್ನು ಹುಡುಕಿದರು. ಇತರ ಪ್ರಾಣಿಗಳಲ್ಲೆಲ್ಲ ಸ್ಥಿರವಾಗಿದ್ದು, ಮನುಷ್ಯನಲ್ಲಿ ಮಾತ್ರ ಬದಲಾದ ಪಾಠ ಯಾವುದು? 118 ಅಕ್ಷರದ ಒಂದು ಭಾಗ ಸಿಕ್ಕಿತು. ಕೋಳಿಗೂ ಚಿಂಪಾಂಜಿ ಕಪಿಗೂ ಅದರಲ್ಲಿ ಎರಡೇ ಅಕ್ಷರದ ಭೇದ. ಚಿಂಪಾಂಜಿಗೂ ಮನುಷ್ಯನಿಗೂ 18 ಅಕ್ಷರದ ಭೇದ. ಗರ್ಭದಲ್ಲಿ ಶಿಶುವಿನ ಮಿದುಳಿನ ಹೊರಪದರ ರೂಪುಗೊಳ್ಳುವ ವಾರಗಳಲ್ಲಿ ಆ ಭಾಗವು ಕೆಲಸ ಮಾಡುತ್ತದೆಂಬುದು 2006ರ ಅವರ ಲೇಖನದಿಂದ ತಿಳಿದುಬಂದಿದೆ. ಮನುಷ್ಯನನ್ನು ಮನುಷ್ಯನನ್ನಾಗಿ ಮಾಡಿದ್ದು ಇದೊಂದೇ ಎಂದು ಕೆಲವರು ಆಗ ಕೂಗಿದ್ದುಂಟು. ಅಷ್ಟು ಸುಲಭವಾಗಿ ಸಿಗುವ ವಸ್ತು ನಾವಲ್ಲ.

ಒಂದು ವಿಷಯವನ್ನು ಮರೆಮಾಚದೆ ಹೇಳಬೇಕು. ಲಿಪಿಯೇನೋ ಎಲ್ಲರಿಗೂ ಧರ್ಮಾರ್ಥ. ಆದರೆ ಅದನ್ನು ತೋರಿಸುವ ವೀಕ್ಷಕದ ಕ್ರಮವಿಧಿಯನ್ನು ತಮ್ಮ ಯಂತ್ರದಲ್ಲಿ ಸ್ಥಾಪಿಸಿಕೊಳ್ಳುವ ವ್ಯಾಪಾರ ಸಂಸ್ಥೆಗಳು ಲೈಸೆನ್ಸು ಪಡೆಯಬೇಕು. ವಿದ್ಯಾರ್ಥಿಗಳಿಗೂ ವಿದ್ಯಾಸಂಸ್ಥೆಗಳಿಗೂ ಅದು ಉಚಿತ. ಕೆರೆಯ ನೀರು ಎಲ್ಲರದು, ಏತವು ಕಟ್ಟಿದವನದು ಎಂಬ ನ್ಯಾಯ ಇದು. ನಮಗೆ ಇದರಲ್ಲಿ ತಪ್ಪು ತೋರುವುದಿಲ್ಲವಾದರೂ, ಸಾಂತಾ ಕ್ರೂಜನ್ನು ಕೇವಲ ತ್ಯಾಗದ ಕ್ಷೇತ್ರವೆಂದು ಹೊಗಳುವವರು ಇದನ್ನೂ ತಿಳಿದಿರುವುದು ಮೇಲು.

ಇನ್ನು ನಮ್ಮ ದೇಶದ ಮಾತು. ಆರು ದೇಶಗಳ ಪಟ್ಟಿಯಲ್ಲಿ ಭಾರತದ ಹೆಸರಿರಲಿಲ್ಲವೆಂಬುದನ್ನು ವಾಚಕರು ಗಮನಿಸಿರಬಹುದು. ಚೀನಾದವರು 1999ರಲ್ಲಿ ತಡವಾಗಿ ಬಂದು ಸೇರಿ ನೂರರಲ್ಲಿ ಒಂದು ಪಾಲಿನ ಕೆಲಸವನ್ನು ಬೇಡಿ ಪಡೆದರು. ಗಣಿತಕ್ಕೆ ಹೆಸರಾದ ದೇಶ, ಗಣಕಯಂತ್ರದ ಕೆಲಸಗಾರರನ್ನು ಲೋಕಕ್ಕೆಲ್ಲ ಒದಗಿಸುತ್ತಿದ್ದ ದೇಶ, ಆ ನೂರರಲ್ಲೊಂದಕ್ಕೂ ಕೈಚಾಚಲಿಲ್ಲ. ಇದರ ಫಲವು ಬರಿಯ ಮಾನಾಪಮಾನದ್ದಲ್ಲ. 2000ದ ಕರಡಿನಲ್ಲಿಯೂ ಅದನ್ನು ತಿದ್ದಿ ಮಾಡಿದ ಮುಂದಿನ ಪ್ರತಿಗಳಲ್ಲಿಯೂ ನೂರಕ್ಕೆ ಎಪ್ಪತ್ತರಷ್ಟು ಭಾಗ ಒಬ್ಬನೇ ಮನುಷ್ಯನದು. ನ್ಯೂಯಾರ್ಕ್ ಸಂಸ್ಥಾನದ ಬಫಲೋ ನಗರದಲ್ಲಿ ಪತ್ರಿಕೆಯ ಜಾಹೀರಾತು ನೋಡಿ ರಕ್ತ ಕೊಟ್ಟ, ಹೆಸರು ಗುಟ್ಟಾಗಿಟ್ಟಿರುವ ಒಬ್ಬ ವ್ಯಕ್ತಿಯದು. ಲೋಕದ ರೋಗಿಗಳ ಲಿಪಿಯನ್ನೆಲ್ಲ ಅವನ ಲಿಪಿಗೆ ಹೋಲಿಸಿ ಸರಿ ತಪ್ಪು ನಿರ್ಣಯಿಸುವುದು ವಾಡಿಕೆಯಾಯಿತು. ಮೈಸೂರಿನ ರೋಗಿಯಲ್ಲಿ ಸಹಜವಾದ ಪಾಠಾಂತರವೊಂದು ಬಫಲೋದವನಲ್ಲಿ ಇಲ್ಲವೆಂದರೆ ಅದು ರೋಗಚಿಹ್ನೆಯೋ ಅಲ್ಲವೋ ಎಂದು ವೈದ್ಯನು ಹೇಗೆ ಹೇಳಬೇಕು?

ಈ ಕೊರತೆಯನ್ನು ಸಾಂತಾ ಕ್ರೂಜಿನವರೂ ಅರಿತರು. ಒಂದು ಪ್ರತಿಯ ಬದಲು ಅನೇಕ ಪ್ರತಿಗಳನ್ನು ಒಟ್ಟಿಗೆ ಹೆಣೆದು ತೋರಿಸುವ ಲಿಪಿಜಾಲವನ್ನು ಅಲ್ಲಿನವರೂ ಸೇರಿದ ಮಂಡಲಿ ಕಟ್ಟಿತು. ಬೇರೆ ಬೇರೆ ಖಂಡಗಳ ಮೂಲದ 47 ಜನರ ಲಿಪಿಯಿಂದ ಮಾಡಿದ ಅದರ ಮೊದಲ ಕರಡು 2023ರ ಮೇ ತಿಂಗಳಲ್ಲಿ ಹೊರಬಿದ್ದಿತು. 2000ದಲ್ಲಿ ಓದಲಾಗದೆ ಬಿಟ್ಟುಹೋಗಿದ್ದ ಪುನರುಕ್ತಿಯ ಭಾಗಗಳನ್ನು ತುಂಬಿ ಆದ್ಯಂತವಾಗಿ ಒಂದು ಪ್ರತಿಯನ್ನು 2022ರಲ್ಲಿ ಮುಗಿಸಿದ ಮಂಡಲಿಯ ಇಬ್ಬರು ನಾಯಕರಲ್ಲಿ ಒಬ್ಬರಾದ ಕ್ಯಾರನ್ ಮಿಗಾ ಅವರೂ ಅದೇ ವಿಶ್ವವಿದ್ಯಾನಿಲಯದವರು.

ನಮ್ಮವರೂ ಸುಮ್ಮನೆ ಕುಳಿತಿಲ್ಲ. 2009ರಲ್ಲಿ ದೆಹಲಿಯ ಸರ್ಕಾರಿ ಸಂಶೋಧನಾಲಯದವರು ಒಬ್ಬ ಭಾರತೀಯನ ಲಿಪಿಯನ್ನು ಮೊದಲ ಬಾರಿಗೆ ಓದಿದರು. 2020ರಲ್ಲಿ ಆರಂಭವಾದ ಜೀನೋಮ್ ಇಂಡಿಯಾ ಯೋಜನೆಯ ಮುಖ್ಯ ಹೊಣೆಯನ್ನು ಹೊತ್ತದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರ. 20 ಸಂಸ್ಥೆಗಳು ಕೂಡಿ, ಎಂಬತ್ತಕ್ಕೂ ಮೇಲ್ಪಟ್ಟ ಜನಸಮುದಾಯಗಳಿಂದ ಸುಮಾರು 10 ಸಾವಿರ ಜನರ ಲಿಪಿಯನ್ನು ಓದಿದವು. 2025ರ ಜನವರಿ 9ರಂದು ಅದನ್ನು ಸಂಶೋಧಕರ ಉಪಯೋಗಕ್ಕೆ ಬಿಡುಗಡೆ ಮಾಡಿದರು. ಅದು ಇರುವುದು ಫರೀದಾಬಾದಿನ ಸರ್ಕಾರಿ ಭಂಡಾರದಲ್ಲಿ. ಬೇಕಾದವರು ಅರ್ಜಿ ಹಾಕಿ ಒಪ್ಪಿಗೆ ಪಡೆಯಬೇಕು. ಹತ್ತು ಸಾವಿರ ಮಂದಿ ಗೃಹಸ್ಥರ ಮೈಯ ಗುಟ್ಟು ಅದರಲ್ಲಿರುವುದರಿಂದ ಅದಕ್ಕೊಂದು ಕಾವಲು ಬೇಕೆಂಬುದನ್ನು ನಾವೂ ಒಪ್ಪುವೆವು. ಆದರೆ ಧಾರವಾಡದ ಅಥವಾ ಶಿವಮೊಗ್ಗೆಯ ಒಂದು ಕಾಲೇಜಿನ ಉಪಾಧ್ಯಾಯನು ಇಂದು ಅರ್ಜಿ ಹಾಕಿದರೆ ಉತ್ತರ ಎಷ್ಟು ದಿನಕ್ಕೆ ಬರುತ್ತದೆ, ಎಷ್ಟು ಮೇಜುಗಳನ್ನು ದಾಟಿ ಬರುತ್ತದೆ ಎಂಬುದನ್ನು ಭಂಡಾರದವರು ವರ್ಷಕ್ಕೊಮ್ಮೆ ಲೆಕ್ಕ ಹಾಕಿ ಪ್ರಕಟಿಸುವರೆಂದು ನಂಬಿದ್ದೇವೆ.